ಗ್ರಹಣ ಬಿಟ್ಟ ಮೇಲೆ ಆ ಮಕ್ಕಳ ಪರವಾಗಿ ಮಾತನಾಡುವವರು ಯಾರು?

2019ರ ಡಿಸೆಂಬರ್ 26, ಕ್ರಿಸ್ಮಸ್ ಹಬ್ಬದ ಮರುದಿನ. ಕರಾವಳಿಯ ಮನೆಗಳಲ್ಲಿ ಕುಸ್ವಾರ್ ಹಂಚಿಕೆ ಇನ್ನೂ ಮುಗಿದಿರಲಿಲ್ಲ. ಅಂದು ಬೆಳಿಗ್ಗೆ ಮಂಗಳೂರಿನ ಆಕಾಶದಲ್ಲಿ ಕಂಕಣ ಸೂರ್ಯಗ್ರಹಣ ಕಾಣಿಸಿಕೊಂಡಿತು. ವಿಶೇಷ ಕನ್ನಡಕ ಹಿಡಿದು ಅದನ್ನು ನೋಡಿದವರು ನಮ್ಮಲ್ಲಿ ಅನೇಕರಿದ್ದಾರೆ. ಅದೇ ಹೊತ್ತಿಗೆ ಕಲಬುರಗಿ ನಗರದ ಹೊರವಲಯದ ತಾಜ್‌ಸುಲ್ತಾನಪುರದಲ್ಲಿ ವಿಕಲಚೇತನ ಮಕ್ಕಳನ್ನು ಗುಂಡಿ ತೋಡಿ, ಕುತ್ತಿಗೆಯವರೆಗೆ ಮಣ್ಣಿನಲ್ಲಿ ಹೂಳಲಾಗಿತ್ತು. ಗ್ರಹಣ ಬಿಡುವ ತನಕ ಹಾಗೆ ಇಟ್ಟರೆ ಅಂಗವೈಕಲ್ಯ ವಾಸಿಯಾಗುತ್ತದೆ ಎಂಬ ನಂಬಿಕೆ ಆ ಭಾಗದಲ್ಲಿ ಹಳೆಯದು. ಅಳುತ್ತಿದ್ದ ಆ ಮಕ್ಕಳ ಮುಖಗಳನ್ನು ದೇಶವೆಲ್ಲ ಟಿ.ವಿ.ಯಲ್ಲಿ ನೋಡಿತು, ಎರಡು ದಿನ ಚರ್ಚಿಸಿತು, ಮರೆಯಿತು.

ಈ ಸಂಗತಿಯನ್ನು ನಾವು ಈಗ ಮತ್ತೆ ಎತ್ತಿಕೊಳ್ಳುವುದಕ್ಕೆ ಕಾರಣವಿದೆ. 2027ರ ಆಗಸ್ಟ್ 2ರಂದು ಇನ್ನೊಂದು ಸೂರ್ಯಗ್ರಹಣವಿದೆ. ಆಫ್ರಿಕಾದ ಉತ್ತರ ಭಾಗದಲ್ಲಿ ಅದು ಪೂರ್ಣ ಗ್ರಹಣ. ನಮ್ಮಲ್ಲಿ ಮೋಡ ಸರಿದರೆ ಸಂಜೆಯ ಹೊತ್ತಿಗೆ ಪಾರ್ಶ್ವ ಗ್ರಹಣವಾಗಿ ಕಾಣಬಹುದು. ಅಂದು ಮತ್ತೆ ಕ್ಯಾಮರಾಗಳು ಕಲಬುರಗಿಯ ಹಳ್ಳಿಗಳಿಗೆ ಹೋಗುತ್ತವೆ. ಅಧಿಕಾರಿಗಳು ಮೊದಲೇ ಎಚ್ಚರಿಕೆ ಹೊರಡಿಸುತ್ತಾರೆ, ಗುಂಡಿಗಳನ್ನು ಮುಚ್ಚಿಸುತ್ತಾರೆ. ಅದು ಆಗಲೇಬೇಕು. ಆದರೆ ಗುಂಡಿಯಿಂದ ಎತ್ತಿದ ಮಗು ಆ ನಂತರ ಎಲ್ಲಿಗೆ ಹೋಗುತ್ತದೆ ಎಂಬ ಪ್ರಶ್ನೆಯನ್ನು ಯಾರೂ ಕೇಳುತ್ತಿಲ್ಲ. ಅದು ಹೋಗುವುದು ಅದೇ ಮನೆಗೆ, ಅದೇ ಮೂಲೆಗೆ.

ತಾಯಿಯನ್ನು ಬೈಯುವುದು ಸುಲಭ. ಮೂಢನಂಬಿಕೆ, ಅಜ್ಞಾನ ಎಂಬ ಮಾತುಗಳು ನಮ್ಮ ಬಾಯಲ್ಲಿ ಸದಾ ಸಿದ್ಧವಾಗಿರುತ್ತವೆ. ಕರ್ನಾಟಕದ ಅಮಾನವೀಯ ದುಷ್ಟ ಪದ್ಧತಿಗಳ ತಡೆ ಕಾನೂನನ್ನು ವಿಧಾನಮಂಡಲ ಒಪ್ಪಿದ್ದು 2017ರಲ್ಲಿ. ಅದು ಜಾರಿಗೆ ಬಂದದ್ದು 2020ರ ಜನವರಿ 4ರಂದು, ಅಂದರೆ ಆ ಗ್ರಹಣ ಕಳೆದು ಒಂಬತ್ತು ದಿನಕ್ಕೆ. ಕಾನೂನು ಬೇಕು, ನಿಜ. ಆದರೆ ತಾಜ್‌ಸುಲ್ತಾನಪುರವೆಂದರೆ ಕಾಡಿನ ನಡುವಿನ ಊರಲ್ಲ. ಜಿಲ್ಲಾ ಆಸ್ಪತ್ರೆ, ವೈದ್ಯಕೀಯ ಕಾಲೇಜು, ಜಿಲ್ಲಾಧಿಕಾರಿ ಕಚೇರಿ ಎಲ್ಲವೂ ಇರುವ ನಗರಕ್ಕೆ ಅಂಟಿಕೊಂಡ ಹಳ್ಳಿ. ಅಲ್ಲಿನ ತಂದೆತಾಯಿಗೇ ‘ನಿಮ್ಮ ಮಗುವಿಗೆ ಏನಾಗಿದೆ, ಏನು ಮಾಡಬಹುದು, ಏನು ಮಾಡಲಾಗದು’ ಎಂದು ಯಾರೂ ಕೂರಿಸಿಕೊಂಡು ಹೇಳಿಲ್ಲದಿದ್ದರೆ, ಇನ್ನು ದೂರದ ಆಳಂದ, ಅಫಜಲಪುರ, ಜೇವರ್ಗಿ ತಾಲ್ಲೂಕುಗಳ ಪಾಡೇನು?

ಈ ಮೂರು ತಾಲ್ಲೂಕುಗಳನ್ನು ಕರಾವಳಿಯ ನಮ್ಮ ಓದುಗರಲ್ಲಿ ಹೆಚ್ಚಿನವರು ನೋಡಿರಲಾರರು. ಆಳಂದ ಮಹಾರಾಷ್ಟ್ರದ ಗಡಿಗೆ ತಾಗಿಕೊಂಡಿದೆ. ಅಫಜಲಪುರ ಭೀಮಾ ನದಿಯ ದಂಡೆಯ ತಾಲ್ಲೂಕು. ಕಲಬುರಗಿಯಿಂದ ಜೇವರ್ಗಿಗೆ ಹೋಗಬೇಕಾದರೆ ಅದೇ ಭೀಮೆಯನ್ನು ದಾಟಬೇಕು. ತೊಗರಿ, ಕಬ್ಬು, ಜೋಳದ ಕಪ್ಪು ನೆಲ. ಮಳೆ ಕೈಕೊಟ್ಟ ವರ್ಷ ಬೆಂಗಳೂರು, ಪುಣೆ, ಮುಂಬಯಿಗೆ ದುಡಿಯಲು ಹೊರಡುವ ಕುಟುಂಬಗಳು. ಪ್ರಾದೇಶಿಕ ಅಸಮಾನತೆಯ ಬಗ್ಗೆ 2002ರಲ್ಲಿ ವರದಿ ಕೊಟ್ಟ ಡಾ. ಡಿ. ಎಂ. ನಂಜುಂಡಪ್ಪ ಸಮಿತಿ ರಾಜ್ಯದ 39 ತಾಲ್ಲೂಕುಗಳನ್ನು ‘ಅತ್ಯಂತ ಹಿಂದುಳಿದ’ ಎಂದು ಗುರುತಿಸಿತು. ಈ ಮೂರೂ ಆ ಪಟ್ಟಿಯಲ್ಲಿವೆ. ನಮ್ಮ ಗುಲ್ಬರ್ಗ ಧರ್ಮಪ್ರಾಂತ್ಯ 2005ರಲ್ಲಿ ಸ್ಥಾಪನೆಯಾದಾಗಿನಿಂದ ಕರಾವಳಿ ಮೂಲದ ಎಷ್ಟೋ ಧರ್ಮಗುರುಗಳು, ಧರ್ಮಭಗಿನಿಯರು ಆ ಭಾಗದಲ್ಲಿ ಸೇವೆ ಸಲ್ಲಿಸುತ್ತ ಬಂದಿದ್ದಾರೆ. ಆದುದರಿಂದ ಇದು ನಮಗೆ ಪರರ ವಿಷಯವೇನಲ್ಲ.

ಮೊದಲು ಹೆಸರುಗಳ ಗೊಂದಲ ಬಿಡಿಸಿಕೊಳ್ಳುವುದು ಒಳ್ಳೆಯದು. ಬೌದ್ಧಿಕ ವಿಕಲತೆ ಇರುವವರು, ನಾವು ಹಿಂದೆ ಬುದ್ಧಿಮಾಂದ್ಯರು ಎನ್ನುತ್ತಿದ್ದವರು, ಹುಚ್ಚರಲ್ಲ. ಅವರ ಕಲಿಕೆ ನಿಧಾನ. ಲೆಕ್ಕ, ದುಡ್ಡು, ದಾರಿ, ಅಪಾಯ ಇವುಗಳನ್ನು ತಿಳಿಯಲು ಇನ್ನೊಬ್ಬರ ಆಸರೆ ಬೇಕು. ಆಟಿಸಂ ಬೇರೆ. ಆಟಿಸಂ ಇರುವ ಮಗುವಿಗೆ ಬುದ್ಧಿ ಚುರುಕಾಗಿರಲೂಬಹುದು, ಆದರೆ ಜನರೊಡನೆ ಬೆರೆಯುವ, ಮಾತಾಡುವ ದಾರಿ ಬೇರೆ. ಸದ್ದು, ಬೆಳಕು, ಗುಂಪು ಸಹಿಸಲಾಗದು. ಎರಡೂ ಒಟ್ಟಿಗೆ ಇರುವುದೂ ಉಂಟು. ಇವೆರಡೂ ರೋಗಗಳಲ್ಲ, ಆದ್ದರಿಂದ ‘ವಾಸಿ’ಯಾಗುವುದಿಲ್ಲ, ಆದರೆ ಕಲಿಸಿದರೆ ಬದುಕು ಬಹಳ ಬದಲಾಗುತ್ತದೆ. ಇಷ್ಟು ಮಾತನ್ನು ಊರಿನ ಭಾಷೆಯಲ್ಲಿ ಹೇಳುವವರಿಲ್ಲದ ಕಡೆ ತಾಯಿ ವಾಸಿಮಾಡುವವರನ್ನು ಹುಡುಕುತ್ತಾಳೆ. ಅಫಜಲಪುರ ತಾಲ್ಲೂಕಿನ ಗಾಣಗಾಪುರದ ದತ್ತಾತ್ರೇಯ ಕ್ಷೇತ್ರಕ್ಕೆ, ಆಳಂದದ ಲಾಡ್ಲೆ ಮಶಾಕ್ ದರ್ಗಾಕ್ಕೆ ಎರಡು ರಾಜ್ಯಗಳಿಂದ ಜನ ಬರುತ್ತಾರೆ. ಮನಸ್ಸಿನ ಬಾಧೆ ಇರುವವರನ್ನೂ ಕರೆತರುತ್ತಾರೆ. ಅದನ್ನು ಆಡಿಕೊಳ್ಳುವ ಮೊದಲು ನಮ್ಮದೇ ಧ್ಯಾನಕೇಂದ್ರಗಳ ಮುಂದಿನ ಸಾಲುಗಳಲ್ಲಿ ಮಾತು ಬಾರದ ಮಗುವನ್ನು ಮಡಿಲಲ್ಲಿಟ್ಟುಕೊಂಡು ಕುಳಿತಿರುವ ತಾಯಂದಿರನ್ನು ನೆನೆಸಿಕೊಂಡರೆ ಸಾಕು. ಪ್ರಾರ್ಥನೆ ತಪ್ಪಲ್ಲ. ಪ್ರಾರ್ಥನೆ ಮುಗಿದ ಮೇಲೆ ಆಸ್ಪತ್ರೆಯ ದಾರಿ ತೋರಿಸದಿರುವುದು ತಪ್ಪು.

ಇವರು ಎಷ್ಟು ಮಂದಿ? 2011ರ ಜನಗಣತಿಯ ಪ್ರಕಾರ ಕರ್ನಾಟಕದಲ್ಲಿ ಒಟ್ಟು 13,24,205 ಅಂಗವಿಕಲರಿದ್ದರು. ಅವರಲ್ಲಿ ಬುದ್ಧಿಮಾಂದ್ಯರೆಂದು ದಾಖಲಾದವರು 93,974. ಆಟಿಸಂಗೆ ಆ ಗಣತಿಯಲ್ಲಿ ಪ್ರತ್ಯೇಕ ಕಾಲಂ ಕೂಡ ಇರಲಿಲ್ಲ. ಗಣತಿದಾರ ಬಾಗಿಲಲ್ಲಿ ನಿಂತು ಕೇಳಿದಾಗ ‘ನಮ್ಮ ಮನ್ಯಾಗ ಅಂಥವರು ಯಾರೂ ಇಲ್ರೀ’ ಎಂದ ಮನೆಗಳನ್ನು ಯಾರು ಎಣಿಸುತ್ತಾರೆ?

ಕಾನೂನಿನ ಕೊರತೆ ನಮ್ಮಲ್ಲಿಲ್ಲ. 1995ರ ಕಾಯ್ದೆ ಏಳು ಬಗೆಯ ಅಂಗವಿಕಲತೆಯನ್ನು ಮಾತ್ರ ಗುರುತಿಸಿತ್ತು. 2016ರ ವಿಕಲಚೇತನರ ಹಕ್ಕುಗಳ ಕಾಯ್ದೆ, ಜಾರಿಗೆ ಬಂದದ್ದು 2017ರ ಏಪ್ರಿಲ್ 19ರಂದು, 21 ಬಗೆಗಳನ್ನು ಗುರುತಿಸಿ ಆಟಿಸಂ ಮತ್ತು ಬೌದ್ಧಿಕ ವಿಕಲತೆ ಎರಡನ್ನೂ ಒಳಗೊಂಡಿತು. ಅದಕ್ಕೂ ಮೊದಲೇ 1999ರಲ್ಲಿ ಆಟಿಸಂ, ಸೆರೆಬ್ರಲ್ ಪಾಲ್ಸಿ, ಬುದ್ಧಿಮಾಂದ್ಯ ಮತ್ತು ಬಹುವಿಕಲತೆ ಇರುವವರಿಗಾಗಿಯೇ ರಾಷ್ಟ್ರೀಯ ನ್ಯಾಸ ಕಾಯ್ದೆ ಬಂದಿದೆ. ಹಕ್ಕುಗಳು ಪುಸ್ತಕದಲ್ಲಿವೆ. ಆದರೆ ಕಾಲಿಲ್ಲದವನು, ಕಣ್ಣಿಲ್ಲದವನು ತನ್ನ ಹಕ್ಕನ್ನು ತಾನೇ ಹೋಗಿ ಕೇಳಬಲ್ಲ. ಸಂಘ ಕಟ್ಟಬಲ್ಲ, ಧರಣಿ ಕೂರಬಲ್ಲ. ಮಾತೇ ಬಾರದ, ಅರ್ಜಿ ಎಂದರೇನೆಂದು ತಿಳಿಯದ ಇಪ್ಪತ್ತರ ಹುಡುಗನ ಪರವಾಗಿ ಇನ್ನೊಬ್ಬರು ಕೇಳಬೇಕು. ಆ ‘ಇನ್ನೊಬ್ಬರು’ ಸಾಮಾನ್ಯವಾಗಿ ತಾಯಿ. ಅವಳೋ ದಿನಗೂಲಿ ಬಿಟ್ಟು ಬರಬೇಕಾದವಳು.

ಮೊದಲ ಬಾಗಿಲು ಅಂಗವಿಕಲತೆಯ ಪ್ರಮಾಣಪತ್ರ. ಈಗ ಅದು ಯು.ಡಿ.ಐ.ಡಿ. ಜಾಲತಾಣದ ಮೂಲಕವೇ ಆಗಬೇಕು. ಕೈಕಾಲಿನ ಊನವನ್ನು ವೈದ್ಯರು ನೋಡಿ ಹೇಳಬಹುದು. ಬೌದ್ಧಿಕ ವಿಕಲತೆಗೂ ಆಟಿಸಂಗೂ ಮನೋವೈದ್ಯರ ಅಥವಾ ಮಕ್ಕಳ ತಜ್ಞರ ಜೊತೆಗೆ ತರಬೇತಿ ಪಡೆದ ಮನಶ್ಶಾಸ್ತ್ರಜ್ಞರ ಪರೀಕ್ಷೆ ಬೇಕು. ಇಂಥವರು ತಾಲ್ಲೂಕು ಆಸ್ಪತ್ರೆಯಲ್ಲಿ ಸಿಗುವುದು ಅಪರೂಪ, ಹಾಗಾಗಿ ಕಲಬುರಗಿಗೆ ಬರಬೇಕು. ಆಳಂದ, ಜೇವರ್ಗಿ ಪಟ್ಟಣಗಳಿಂದಲೇ ಸುಮಾರು 40 ಕಿ.ಮೀ. ದಾರಿ, ಅಫಜಲಪುರದಿಂದ ಇನ್ನೂ ಹೆಚ್ಚು. ನದಿದಂಡೆಯ ಹಳ್ಳಿಗಳಿಂದಾದರೆ ಮೊದಲು ಪಟ್ಟಣಕ್ಕೆ ಬಂದು ಅಲ್ಲಿಂದ ಇನ್ನೊಂದು ಬಸ್ಸು. ಸದ್ದಿಗೆ ಕಿರುಚುವ ಮಗುವನ್ನು ತುಂಬಿದ ಬಸ್ಸಿನಲ್ಲಿ ಕರೆತಂದು, ದವಾಖಾನೆಯ ಸಾಲಿನಲ್ಲಿ ಅರ್ಧ ದಿನ ನಿಲ್ಲಿಸುವುದೆಂದರೇನು ಎಂಬುದು ಮಾಡಿದವರಿಗೇ ಗೊತ್ತು. ಅಂದು ಡಾಕ್ಟರು ರಜೆಯಲ್ಲಿದ್ದರೆ ಮತ್ತೊಂದು ದಿನ, ಮತ್ತೊಂದು ಕೂಲಿ.

ಪರೀಕ್ಷೆಯ ಕೋಣೆಯಲ್ಲಿ ನಡೆಯುವುದನ್ನು ಸ್ವಲ್ಪ ವಿವರವಾಗಿ ಹೇಳಬೇಕು, ಏಕೆಂದರೆ ನಮ್ಮ ಸೇವಾಕರ್ತರಲ್ಲಿ ಬಹಳ ಮಂದಿಗೆ ಇದು ತಿಳಿದಿಲ್ಲ. ಮಗುವಿನ ಸಾಮಾಜಿಕ ಬೆಳವಣಿಗೆಯನ್ನು ಅಳೆಯುವ ವೈನ್‌ಲ್ಯಾಂಡ್ ಮಾಪನದಲ್ಲಿ ಹೆಚ್ಚಿನ ಪ್ರಶ್ನೆಗಳಿಗೆ ಉತ್ತರ ಕೊಡುವವರು ಪಾಲಕರು. ತಾನೇ ಉಣ್ಣುತ್ತಾನೆಯೇ, ಗುಂಡಿ ಹಾಕಿಕೊಳ್ಳುತ್ತಾನೆಯೇ, ಅಂಗಡಿಗೆ ಹೋಗಿ ಬರುತ್ತಾನೆಯೇ ಎಂದು ಕೇಳುತ್ತಾರೆ. ಆಟಿಸಂಗಾಗಿ ಇರುವ ಭಾರತೀಯ ಮಾಪನದಲ್ಲಿ 40 ಅಂಶಗಳಿವೆ. ಅಲ್ಲೂ ಮಗುವನ್ನು ಗಮನಿಸುವುದರ ಜೊತೆಗೆ ಪಾಲಕರನ್ನು ಕೇಳುತ್ತಾರೆ. ದೊಡ್ಡವರ ಎದುರು ಮಗನ ಮರ್ಯಾದೆ ಕಳೆಯಬಾರದೆಂದು ತಾಯಿ ‘ಎಲ್ಲಾ ಮಾಡ್ತಾನ್ರೀ’ ಎಂದುಬಿಡುತ್ತಾಳೆ. ಚಮಚ ಬಾಯಿಗೆ ಒಯ್ಯುವುದನ್ನೇ ಉಣ್ಣುವುದೆಂದು ತಿಳಿಯುತ್ತಾಳೆ. 2018ರ ಕೇಂದ್ರ ಮಾರ್ಗಸೂಚಿಯಲ್ಲಿ 55ರಿಂದ 69ರ ಅಂಕಕ್ಕೆ ಶೇ. 50ರ ವಿಕಲತೆ, 36ರಿಂದ 54ಕ್ಕೆ ಶೇ. 75 ಎಂದು ಗೊತ್ತುಪಡಿಸಲಾಯಿತು. ನಮ್ಮ ರಾಜ್ಯದ ಮಾಸಾಶನಕ್ಕೆ ಶೇ. 40 ಮತ್ತು ಶೇ. 75 ಎಂಬ ಎರಡು ಗೆರೆಗಳಿವೆ. ತಾಯಿಯ ಒಂದೆರಡು ಉತ್ತರಗಳ ಮೇಲೆ ಮಗು ಗೆರೆಯ ಈ ಕಡೆಯೋ ಆ ಕಡೆಯೋ ಆಗುತ್ತದೆ. ಸುಳ್ಳು ಹೇಳಿಸಬೇಕೆಂದು ನಾವು ಹೇಳುತ್ತಿಲ್ಲ. ಮನೆಯಲ್ಲಿ ದಿನವೂ ನಡೆಯುವ ನಿಜವನ್ನು ಹೇಳಲು ಅವಳಿಗೆ ಧೈರ್ಯ ಕೊಡುವ ಒಬ್ಬರು ಪಕ್ಕದಲ್ಲಿರಬೇಕು, ಅಷ್ಟೆ.

ಪತ್ರ ಸಿಕ್ಕಿದರೆ ಅಲ್ಲಿಗೆ ಮುಗಿಯಿತೆಂದಲ್ಲ. ಅದೇ ಮಾರ್ಗಸೂಚಿ ಬೌದ್ಧಿಕ ವಿಕಲತೆಯ ಪತ್ರವನ್ನು 5, 10 ಮತ್ತು 18ನೇ ವಯಸ್ಸಿನಲ್ಲಿ ನವೀಕರಿಸಲು ಹೇಳಿತು. 2024ರ ಅಕ್ಟೋಬರಿನ ತಿದ್ದುಪಡಿ ನಿಯಮಗಳು ಪತ್ರ ಕೊಡಲು ಇದ್ದ ಒಂದು ತಿಂಗಳ ಗಡುವನ್ನು ಮೂರು ತಿಂಗಳಿಗೆ ಏರಿಸಿದವು. ಸುಗ್ಗಿ ಮುಗಿಸಿ ಪುಣೆಗೆ ಹೊರಟ ಕುಟುಂಬಕ್ಕೆ ಮೂರು ತಿಂಗಳೆಂದರೆ ಏನರ್ಥ ಎಂಬುದನ್ನು ನಿಯಮ ಬರೆದವರು ಯೋಚಿಸಿದಂತಿಲ್ಲ. ಇದರ ಮೇಲೆ ಆಧಾರ್: ಕಣ್ಣಿನ ಯಂತ್ರದ ಎದುರು ಕೂರದ ಮಗುವನ್ನು ವಾಪಸು ಕಳಿಸುತ್ತಾರೆ. ಬೆರಳಚ್ಚು, ಕಣ್ಣಿನ ಗುರುತು ಕೊಡಲಾಗದವರಿಗೆ ವಿನಾಯಿತಿ ಇದೆ ಎಂಬುದು ಯಂತ್ರ ನಡೆಸುವವರಿಗೂ ಎಷ್ಟೋ ಕಡೆ ಗೊತ್ತಿರುವುದಿಲ್ಲ.

ಹದಿನೆಂಟು ತುಂಬಿದಾಗ ಇನ್ನೊಂದು ಬಾಗಿಲು ಮುಚ್ಚುತ್ತದೆ. ಅಲ್ಲಿಯವರೆಗೆ ತಂದೆತಾಯಿ ಸಹಜ ಪೋಷಕರು. ಆ ಮೇಲೆ ಮಗ ಕಾನೂನಿನ ಕಣ್ಣಿಗೆ ಪ್ರಾಯದವನು. ಅವನ ಹೆಸರಿನ ಹೊಲ, ಬ್ಯಾಂಕ್ ಖಾತೆ, ಶಸ್ತ್ರಚಿಕಿತ್ಸೆಯ ಒಪ್ಪಿಗೆ ಯಾವುದಕ್ಕೂ ಅಪ್ಪನ ಹೆಬ್ಬೆಟ್ಟು ಸಾಲದು. ಹೆಣ್ಣುಮಕ್ಕಳ ವಿಷಯದಲ್ಲಿ ಇದು ಇನ್ನೂ ಸೂಕ್ಷ್ಮ: ಮಕ್ಕಳ ಲೈಂಗಿಕ ದೌರ್ಜನ್ಯ ತಡೆ ಕಾಯ್ದೆಯಡಿ ವಯಸ್ಸೆಂದರೆ ದೇಹದ ವಯಸ್ಸೇ ಹೊರತು ಬುದ್ಧಿಯ ವಯಸ್ಸಲ್ಲ ಎಂದು ಸುಪ್ರೀಂ ಕೋರ್ಟ್ 2017ರ ಜುಲೈನಲ್ಲಿ ತೀರ್ಪಿತ್ತಿದೆ. ಅಂದರೆ ಆರು ವರ್ಷದ ಮಗುವಿನಂತೆ ನಂಬುವ ಇಪ್ಪತ್ತೈದರ ಹುಡುಗಿಗೆ ಆ ಕಾಯ್ದೆಯ ರಕ್ಷಣೆ ಇಲ್ಲ. ರಾಷ್ಟ್ರೀಯ ನ್ಯಾಸ ಕಾಯ್ದೆಯಂತೆ ಜಿಲ್ಲಾಧಿಕಾರಿಯ ಅಧ್ಯಕ್ಷತೆಯ ಸ್ಥಳೀಯ ಸಮಿತಿ ಪೋಷಕರನ್ನು ನೇಮಿಸುತ್ತದೆ; ಸಮಿತಿಯಲ್ಲಿ ನೋಂದಾಯಿತ ಸಂಸ್ಥೆಯ ಒಬ್ಬ ಪ್ರತಿನಿಧಿ, ಒಬ್ಬ ವಿಕಲಚೇತನ ವ್ಯಕ್ತಿ ಇರಬೇಕು. ಅರ್ಜಿ ಹಾಕಿದರೆ ಆಗುವ ಕೆಲಸ. ಅದೇ ನ್ಯಾಸದ ನಿರಾಮಯ ವಿಮೆಯಲ್ಲಿ ವರ್ಷಕ್ಕೆ ಒಂದು ಲಕ್ಷ ರೂಪಾಯಿಯವರೆಗಿನ ವೈದ್ಯಕೀಯ ವೆಚ್ಚಕ್ಕೆ ದಾರಿಯಿದೆ. ಜೇವರ್ಗಿಯ ಎಷ್ಟು ಮನೆಗಳಲ್ಲಿ ಈ ಎರಡು ಹೆಸರುಗಳನ್ನು ಕೇಳಿದ್ದಾರೆ ಎಂದು ಅಲ್ಲಿನ ಸೇವಾಕರ್ತರು ಒಂದು ವಾರ ಕೇಳಿ ನೋಡಲಿ.

ಹಾಗಾದರೆ ಏನು ಮಾಡೋಣ? ನಮ್ಮ ಕರಾವಳಿಯವರ ಮೊದಲ ಉತ್ತರ ಸದಾ ಒಂದೇ: ಕಟ್ಟಡ. ಒಂದು ವಸತಿಗೃಹ, ಒಂದು ವಿಶೇಷ ಶಾಲೆ, ದಾನಿಗಳ ಹೆಸರಿನ ಫಲಕ. ಮಂಗಳೂರಿನ ಸಂತ ಆಗ್ನೆಸ್ ವಿಶೇಷ ಶಾಲೆಯಂತಹ, ಪಾಂಬೂರಿನ ಮಾನಸ ಕೇಂದ್ರದಂತಹ ಸಂಸ್ಥೆಗಳು ಮಾಡಿದ ಕೆಲಸಕ್ಕೆ ನಾವು ತಲೆಬಾಗುತ್ತೇವೆ. ಆದರೂ ಕಲಬುರಗಿ ನಗರದಲ್ಲಿ ಇನ್ನೊಂದು ಕಟ್ಟಡ ಎದ್ದರೆ ಅಫಜಲಪುರದ ಹಳ್ಳಿಯ ಮಗು ಮನೆಯಿಂದ ದೂರವಾಗುತ್ತದೆಯೇ ಹೊರತು ಊರಿಗೆ ಹತ್ತಿರವಾಗುವುದಿಲ್ಲ. ಬಾಗಿಲು ಮುಚ್ಚಿದ ಸಂಸ್ಥೆಗಳೊಳಗೆ ಹೊರಗಿನವರ ಕಣ್ಣು ಬೀಳದಿದ್ದರೆ ಏನಾಗುತ್ತದೆ ಎಂಬುದಕ್ಕೆ ಶ್ರೀಮಂತ ದೇಶಗಳಲ್ಲೂ ಉದಾಹರಣೆಗಳಿವೆ. 2011ರಲ್ಲಿ ಇಂಗ್ಲೆಂಡಿನ ಬ್ರಿಸ್ಟಲ್ ಸಮೀಪದ ವಿಂಟರ್‌ಬೋರ್ನ್ ವ್ಯೂ ಎಂಬ ಖಾಸಗಿ ಆಸ್ಪತ್ರೆಯಲ್ಲಿ ಇಂಥವರನ್ನೇ ಸಿಬ್ಬಂದಿ ಹೊಡೆದು ಹಿಂಸಿಸುತ್ತಿದ್ದುದನ್ನು ಬಿ.ಬಿ.ಸಿ. ಗುಪ್ತ ಕ್ಯಾಮರಾದಲ್ಲಿ ತೋರಿಸಿತು. ಹನ್ನೊಂದು ಮಂದಿಗೆ ಶಿಕ್ಷೆಯಾಯಿತು. ಹಣವಿತ್ತು, ನಿಯಮಗಳಿದ್ದವು, ತಪಾಸಣೆಯೂ ಇತ್ತು. ಒಳಗಿದ್ದವರ ಮಾತನ್ನು ನಂಬಿ ಅವರ ಪರವಾಗಿ ನಿಲ್ಲುವವರು ಇರಲಿಲ್ಲ.

ಕರಾವಳಿಗೆ ಹೋರಾಟದ ಇನ್ನೊಂದು ಪಾಠವೂ ಗೊತ್ತಿದೆ. ಗೇರುತೋಟಗಳ ಮೇಲೆ ಎಂಡೋಸಲ್ಫಾನ್ ಸುರಿದ ಕೊಕ್ಕಡದ ಆಸುಪಾಸಿನಲ್ಲಿ ಹುಟ್ಟಿದ ಮಕ್ಕಳಲ್ಲಿ ಬೌದ್ಧಿಕ ವಿಕಲತೆ ಇರುವವರು ಅನೇಕರು. ಸಂತ್ರಸ್ತರು, ಪಾಲಕರು, ಪತ್ರಕರ್ತರು ವರ್ಷಗಟ್ಟಲೆ ಬೆನ್ನುಹತ್ತಿದ್ದರಿಂದ ಅವರಿಗೆ ಪ್ರತ್ಯೇಕ ಮಾಸಾಶನ ಬಂತು, ಕೊಕ್ಕಡದಲ್ಲೂ ಕೊಯಿಲದಲ್ಲೂ ದಿನಪಾಲನಾ ಕೇಂದ್ರಗಳು ತೆರೆದವು. ಮಗು ಬೆಳಿಗ್ಗೆ ಹೋಗಿ ಸಂಜೆ ಮನೆಗೆ ಬರುತ್ತದೆ, ತಾಯಿಗೆ ಹಗಲು ಉಸಿರಾಡಲು ಸಮಯ ಸಿಗುತ್ತದೆ. ಆಳಂದದ ಮಗುವಿಗೂ ಬೇಕಾಗಿರುವುದು ಇದೇ. ಅದರ ವಿಕಲತೆಗೆ ಹೆಲಿಕಾಪ್ಟರಿನಿಂದ ಸುರಿದ ವಿಷ ಕಾರಣವಲ್ಲ ಎಂಬ ಒಂದೇ ವ್ಯತ್ಯಾಸಕ್ಕೆ ಅದು ಹಿಂದೆ ಉಳಿಯಬೇಕೇ?

ಹಣ ಇಲ್ಲವೆಂಬ ಮಾತನ್ನು ನಾವು ಒಪ್ಪುವುದಿಲ್ಲ. ಸಂವಿಧಾನದ 371(ಜೆ) ವಿಧಿಯ ನಂತರ ಕಲ್ಯಾಣ ಕರ್ನಾಟಕ ಪ್ರದೇಶಾಭಿವೃದ್ಧಿ ಮಂಡಳಿಗೆ ಇತ್ತೀಚಿನ ಬಜೆಟ್‌ಗಳಲ್ಲಿ ವರ್ಷಕ್ಕೆ 5,000 ಕೋಟಿ ರೂಪಾಯಿಯ ಮಾತು ಕೇಳಿಬಂದಿದೆ. ರಸ್ತೆ, ಕಟ್ಟಡಗಳ ನಡುವೆ ತಾಲ್ಲೂಕಿಗೊಬ್ಬ ಮನಶ್ಶಾಸ್ತ್ರಜ್ಞ, ಒಂದು ದಿನಪಾಲನಾ ಕೇಂದ್ರ ಎಂಬ ಬೇಡಿಕೆಯನ್ನು ಮಂಡಳಿಯ ಮುಂದೆ ಇಡುವವರು ಬೇಕು. ಗ್ರಾಮ ಪಂಚಾಯತಿಗಳು ತಮ್ಮ ಸ್ವಂತ ಸಂಪನ್ಮೂಲದ ಶೇ. 5ನ್ನು ವಿಕಲಚೇತನರಿಗೆ ಬಳಸಬೇಕು. ಪಂಚಾಯತಿಗೊಬ್ಬ ಗ್ರಾಮೀಣ ಪುನರ್ವಸತಿ ಕಾರ್ಯಕರ್ತ, ತಾಲ್ಲೂಕಿಗೊಬ್ಬ ವಿವಿಧೋದ್ದೇಶ ಪುನರ್ವಸತಿ ಕಾರ್ಯಕರ್ತ ಇರುವ ವ್ಯವಸ್ಥೆ ನಮ್ಮ ರಾಜ್ಯದ ಹೆಗ್ಗಳಿಕೆ. ಇವರೂ ಸ್ವತಃ ವಿಕಲಚೇತನರೇ. ಆದರೆ ಹೆಚ್ಚಿನವರ ಅನುಭವ ದೈಹಿಕ ವಿಕಲತೆಯದು. ತ್ರಿಚಕ್ರ ಸೈಕಲ್ ಬೇಕಾದವನು ಪಂಚಾಯತಿ ಕಟ್ಟೆಗೆ ಬಂದು ಕೇಳುತ್ತಾನೆ. ಆಟಿಸಂ ಇರುವ ಹುಡುಗನಿಗೆ ಏನು ಬೇಕೆಂದು ಅರ್ಜಿ ನಮೂನೆಯಲ್ಲೇ ಜಾಗವಿರುವುದಿಲ್ಲ.

ನಮ್ಮ ಶಾಲೆಗಳ ಬಗ್ಗೆ ಒಂದು ಮಾತು. ಸರಕಾರದ ಅನುದಾನ ಅಥವಾ ಮಾನ್ಯತೆ ಪಡೆದ ಶಾಲೆಗಳೆಲ್ಲ ವಿಕಲಚೇತನ ಮಕ್ಕಳನ್ನು ಭೇದವಿಲ್ಲದೆ ಸೇರಿಸಿಕೊಳ್ಳುವಂತೆ ಸರಕಾರಗಳು ನೋಡಿಕೊಳ್ಳಬೇಕೆಂದು 2016ರ ಕಾಯ್ದೆ ಹೇಳುತ್ತದೆ. ಪ್ರಾಥಮಿಕ ಹಂತದಲ್ಲಿ ಇಂತಹ ಹತ್ತು ಮಕ್ಕಳಿಗೊಬ್ಬ ವಿಶೇಷ ಶಿಕ್ಷಕರಿರಬೇಕೆಂದು ಸುಪ್ರೀಂ ಕೋರ್ಟ್ 2021ರ ಅಕ್ಟೋಬರಿನಲ್ಲಿ ಹೇಳಿತು, 2025ರ ಮಾರ್ಚ್‌ನಲ್ಲಿ ರಾಜ್ಯಗಳಿಗೆ ಹುದ್ದೆಗಳನ್ನು ಗೊತ್ತುಪಡಿಸಿ ಪ್ರಕಟಿಸುವಂತೆ ಮತ್ತೆ ಆದೇಶಿಸಿತು. ‘ಉಳಿದ ಮಕ್ಕಳಿಗೆ ತೊಂದರೆಯಾಗುತ್ತದೆ’ ಎಂಬ ಉತ್ತರವನ್ನು ಸಿಸ್ಟರ್‌ಗಳ ಶಾಲೆಯ ಕಚೇರಿಯಲ್ಲಿ ಕೇಳಿದ ಪಾಲಕರು ಸರಕಾರಿ ಕಚೇರಿಯ ಗುಮಾಸ್ತನಿಂದ ಹೆಚ್ಚಿನದನ್ನು ನಿರೀಕ್ಷಿಸುವುದು ಹೇಗೆ?

ನಮ್ಮ ಸಲಹೆ ಸಣ್ಣದು. ಈ ಮೂರು ತಾಲ್ಲೂಕುಗಳಲ್ಲಿ ಕೆಲಸ ಮಾಡುವ ಧರ್ಮಕೇಂದ್ರಗಳು, ಕಾನ್ವೆಂಟುಗಳು ತಮ್ಮಲ್ಲಿ ಒಬ್ಬರನ್ನು, ಊರಿನ ಭಾಷೆ ಬಲ್ಲ ಒಬ್ಬ ಹೆಣ್ಣುಮಗಳಾದರೆ ಒಳಿತು, ಇದೇ ಕೆಲಸಕ್ಕೆಂದು ನೇಮಿಸಲಿ. ಅವಳಿಗೊಂದು ಸ್ಕೂಟರ್, ಒಂದು ಮೊಬೈಲ್, ಕರಾವಳಿಯ ವಿಶೇಷ ಶಾಲೆಯೊಂದರಲ್ಲಿ ಮೂರು ತಿಂಗಳ ತರಬೇತಿ ಸಾಕು. ಖರ್ಚನ್ನು ಇಲ್ಲಿನ ಒಂದೊಂದು ಧರ್ಮಕೇಂದ್ರ ಹೊರಬಹುದು. ವಾರ್ಷಿಕ ಹಬ್ಬದ ಸಿಡಿಮದ್ದಿಗಿಂತ ಹೆಚ್ಚಾಗಲಾರದು. ಅವಳು ಅಂಗನವಾಡಿ, ಆಶಾ ಕಾರ್ಯಕರ್ತೆಯರೊಡನೆ ಮನೆಗಳಿಗೆ ಹೋಗಲಿ, ತಾಯಿಯೊಡನೆ ಬಸ್ಸು ಹತ್ತಲಿ, ಪರೀಕ್ಷೆಯ ಕೋಣೆಯಲ್ಲಿ ಪಕ್ಕದಲ್ಲಿ ಕೂರಲಿ, ಹದಿನೆಂಟಾದವರ ಪೋಷಕತ್ವದ ಅರ್ಜಿ ತುಂಬಲಿ. ಮಗು ಯಾವ ಜಾತಿ, ಯಾವ ಧರ್ಮ ಎಂದು ಕೇಳುವ ಪ್ರಶ್ನೆಯೇ ಇಲ್ಲಿಲ್ಲ. ಆ ತಾಲ್ಲೂಕುಗಳಲ್ಲಿ ಕ್ರೈಸ್ತರ ಸಂಖ್ಯೆ ಎಷ್ಟೆಂಬುದು ನಮಗೆಲ್ಲ ಗೊತ್ತಿದೆ. ಮಾತನಾಡಬಲ್ಲವರನ್ನು ಅವರೇ ಮಾತನಾಡಲು ಬಿಡಬೇಕೆಂಬುದೂ ಆ ತರಬೇತಿಯ ಭಾಗವಾಗಿರಲಿ. ನಿಧಾನವಾಗಿ ಕೇಳಿದರೆ ತಮಗೇನು ಇಷ್ಟ, ಯಾರ ಭಯ ಎಂದು ಹೇಳಬಲ್ಲವರು ನಾವೆಣಿಸಿದ್ದಕ್ಕಿಂತ ಹೆಚ್ಚಿದ್ದಾರೆ.

ಪಂಚಾಯತಿಗಳಲ್ಲಿ ವಿಕಲಚೇತನರಿಗಾಗಿಯೇ ಸಮನ್ವಯ ಗ್ರಾಮಸಭೆ ನಡೆಸುವ ಕ್ರಮವಿದೆ. 2027ರ ಆಗಸ್ಟ್ ಬರುವ ಮೊದಲು ಆಳಂದ, ಅಫಜಲಪುರ, ಜೇವರ್ಗಿಯ ಪ್ರತಿಯೊಂದು ಪಂಚಾಯತಿಯ ಅಂತಹ ಸಭೆಯಲ್ಲಿ ಬೌದ್ಧಿಕ ವಿಕಲತೆ ಮತ್ತು ಆಟಿಸಂ ಇರುವವರ ಹೆಸರುಗಳ ಪಟ್ಟಿಯೊಂದು ಓದಲ್ಪಡಬೇಕು. ಯಾರಿಗೆ ಪ್ರಮಾಣಪತ್ರ ಇದೆ, ಯಾರಿಗಿಲ್ಲ, ಶೇ. 5ರ ಹಣದಲ್ಲಿ ಅವರಿಗೆಂದು ಎಷ್ಟು ಖರ್ಚಾಯಿತು ಎಂಬುದು ನಡಾವಳಿಯಲ್ಲಿ ದಾಖಲಾಗಬೇಕು. ಕೇಳುವವರು ಸಭೆಯಲ್ಲಿ ಒಬ್ಬರಾದರೂ ಇದ್ದರೆ ಕಾರ್ಯದರ್ಶಿ ಬರೆಯಲೇಬೇಕಾಗುತ್ತದೆ.